ಎಲ್ಲರ ನಾಡಿಯೂ ಎಪ್ಪತ್ತೆರಡು

೧

ಇದನ್ನು ಎಲ್ಲಿಂದ ಶುರು ಮಾಡಬೇಕು ಎನ್ನುವುದೇ ತಿಳಿಯುತ್ತಿಲ್ಲ. ಸೈಕಲ್ಲಿನಿಂದ ಶುರು ಮಾಡಿದರೆ ನೀವು ಇದು ಆಟದ ಕಥೆ ಎಂದುಕೊಂಡು ಪುಟ ಹಾರಿಸಿ ಪದಕ ಹುಡುಕುತ್ತೀರಿ. ಆಸ್ಪತ್ರೆಯಿಂದ ಶುರು ಮಾಡಿದರೆ ಯಾರೋ ಸಾಯುವವರಿದ್ದಾರೆ ಎಂದು ಈಗಲೇ ಮುಖ ಸಪ್ಪೆ ಮಾಡುತ್ತೀರಿ. ನಮ್ಮ ಕಡೆ ಕಟ್ಟೆಯ ಮೇಲೆ ಕಥೆ ಹೇಳುವವರು ಮೊದಲು ದೇವರನ್ನು ನೆನೆಯುತ್ತಾರೆ, ಆಮೇಲೆ ಕೇಳಲು ಕೂತವರಲ್ಲಿ ಒಬ್ಬನನ್ನು 'ಹೂಂ' ಅನ್ನುವುದಕ್ಕೆ ನೇಮಿಸುತ್ತಾರೆ. ದೇವರನ್ನು ನೆನೆದಾಗಿದೆ. ಪೂಜೆ ಮುಗಿಸಿ, ಮನಸ್ಸು ತಣ್ಣಗಾದ ಮೇಲೆಯೇ ಬರೆಯಬೇಕೆಂದು ಕೂತೆ. ಅದು ತಣ್ಣಗಾಗಲಿಲ್ಲ.

ಹಾಗಾದರೆ ಸಿಟ್ಟಿನಿಂದಲೇ ಶುರುವಾಗಲಿ. ಹೂಂ ಅನ್ನಿ.

೨

ಆಸ್ಪತ್ರೆ ಯಾವ ಊರಿನದು ಎಂದು ಕೇಳಬೇಡಿ. ಇಂಡಿ, ಸಿಂದಗಿ, ಮುದ್ದೇಬಿಹಾಳ, ಬಸವನ ಬಾಗೇವಾಡಿ, ಇವುಗಳಲ್ಲಿ ಒಂದರ ಹೆಸರು ಹೇಳಿದರೆ ಉಳಿದ ಮೂರು ಊರಿನವರು 'ಸದ್ಯ, ನಮ್ಮದಲ್ಲ' ಎಂದು ಚಹಾ ಕುಡಿಯಲು ಎದ್ದು ಹೋಗುತ್ತಾರೆ. ಯಾರೂ ಏಳಬೇಡಿ. ಇದು ನಾನೇ ಕಾಗದದ ಮೇಲೆ ಕಟ್ಟಿದ ಆಸ್ಪತ್ರೆ. ಗುತ್ತಿಗೆದಾರರಿಲ್ಲದೆ ಕಟ್ಟಿದ್ದರಿಂದ ಗೋಡೆಗಳು ಗಟ್ಟಿಯಾಗಿವೆ. (ಇದು ಹಾಸ್ಯ. ಮುಂದೆ ಇಂಥವು ಕಡಿಮೆ.) ಒಳಗೆ ಒಬ್ಬರು ಡಾಕ್ಟರು, ಒಂದು ಮೇಜು, ಮೇಜಿನಿಂದ ಗೇಟಿನವರೆಗೆ ರೋಗಿಗಳ ಸಾಲು. ಡಾಕ್ಟರಿಗೆ ಹೆಸರಿಟ್ಟಿಲ್ಲ. ಹೆಸರಿಟ್ಟರೆ ಸಿಟ್ಟೆಲ್ಲ ಅವರೊಬ್ಬರ ತಲೆಗೆ ಸುತ್ತಿಕೊಳ್ಳುತ್ತದೆ, ಅದು ನ್ಯಾಯವಲ್ಲ.

೩

ಹುಡುಗಿಗೆ ಮಾತ್ರ ಹೆಸರಿದೆ: ಮೆಹರಾಜ. ಹೂವಿನ ಹಿಪ್ಪರಗಿ ಕಡೆಯ ಒಂದು ಹಳ್ಳಿಯವಳು. ಹತ್ತನೆಯ ತರಗತಿ. ಮೊದಲ ಕರಡಿನಲ್ಲಿ ಅವಳನ್ನು ಹೀಗೆ ತಂದಿದ್ದೆ:

'ಬೆಳಗಿನ ಮಂಜನ್ನು ಸೀಳಿಕೊಂಡು ಬಾಗೇವಾಡಿಯ ದಾರಿಯಲ್ಲಿ ಒಂದು ಸೈಕಲ್ಲು...'

ಹೊಡೆದು ಹಾಕಿದೆ. ನಮ್ಮ ಕಡೆ ಸೀಳುವಷ್ಟು ಮಂಜು ಯಾವ ಕಾಲದಲ್ಲಿ ಬಿದ್ದಿದೆ? ಅವಳು ಸೀಳುವುದು ಕಬ್ಬಿನ ಟ್ರ್ಯಾಕ್ಟರಿನ ಧೂಳನ್ನು. ಒಂದರ ಹಿಂದೆ ಒಂದು ಕಟ್ಟಿದ ಟ್ರಾಲಿಗಳ ಪಕ್ಕದಲ್ಲಿ, ಡ್ರೈವರನ ಹಾಡು ಕಿವಿಗೆ ಬಡಿಯುತ್ತಿರುವಾಗ, ರಸ್ತೆಯಂಚಿನ ಗೇಣು ಜಾಗದಲ್ಲಿ ಅವಳು ತುಳಿಯುತ್ತಾಳೆ. ಸೈಕಲ್ಲು ಶಾಲೆಯದು. ಹತ್ತನೆಯದು ಮುಗಿದ ದಿನ ವಾಪಸು ಕೊಡಬೇಕು. ರಾಜ್ಯಮಟ್ಟದ ಕ್ರೀಡಾಕೂಟದ ಸೈಕಲ್ ಪಂದ್ಯದಲ್ಲಿ ಗೆದ್ದರೆ ಕ್ರೀಡಾ ಹಾಸ್ಟೆಲ್ಲಿಗೆ ಆಯ್ಕೆಯಾಗುತ್ತದೆ, ಅಲ್ಲಿ ಸೈಕಲ್ಲೂ ಇದೆ, ಓದೂ ಇದೆ. ಗೆಲ್ಲದಿದ್ದರೆ ಎರಡೂ ಇಲ್ಲ. ಹಾಸ್ಟೆಲ್ಲಿನ ದಾರಿ ಒಂದು ಕಾಗದದ ಮೂಲಕ ಹೋಗುತ್ತದೆ, ಆ ಕಾಗದದ ಮೇಲೆ ಡಾಕ್ಟರು 'ಫಿಟ್' ಎಂದು ಬರೆದು ಸಿಕ್ಕಾ ಒತ್ತಬೇಕು. ಕೂಟಕ್ಕೆ ಹೋಗುವ ಬಸ್ಸು ನಾಳೆ.

ಕಥೆಯ ಗಂಟು ಇಷ್ಟೇ. ಸಣ್ಣದು ಅನ್ನಿಸಿದರೆ ನಿಮ್ಮ ಹತ್ತನೆಯ ತರಗತಿಯನ್ನು ಒಮ್ಮೆ ನೆನಪಿಸಿಕೊಳ್ಳಿ.

೪

ಶಾಲೆಯ ಆಟದ ಮಾಸ್ತರು ರಾವಸಾಬ. ಅವರು ಕೆಟ್ಟವರಲ್ಲ. ಈಗಲೇ ಹೇಳಿಬಿಡುತ್ತೇನೆ, ಯಾಕೆಂದರೆ ಮುಂದೆ ನನಗೆ ಅವರ ಮೇಲೆ ಸಿಟ್ಟು ಬರಲಿದೆ, ಆಗ ಹೇಳಲಾಗುವುದಿಲ್ಲ. ಮಕ್ಕಳ ಬೂಟಿಗೆ ತಾವೇ ಹೊಲಿಗೆ ಹಾಕುತ್ತಾರೆ, ಸೋತು ಬಂದವರಿಗೆ ಮೊದಲು ಗಿರಮಿಟ್ ತಿನ್ನಿಸಿ ಆಮೇಲೆ ಬೈಯುತ್ತಾರೆ.

ಅವರು ಮಾಡುವುದು ಎಲ್ಲ ಮಾಸ್ತರರೂ ಮಾಡುವುದನ್ನೇ. ಕೂಟ ಬಂತೆಂದರೆ ಮಕ್ಕಳ ವೈದ್ಯಕೀಯ ಫಾರ್ಮುಗಳನ್ನು ಶಾಲೆಯಲ್ಲೇ ತುಂಬಿ, ದಾರ ಕಟ್ಟಿ, ಆಸ್ಪತ್ರೆಯ ಮೇಜಿನ ಮೇಲೆ ಇಡುವುದು. ಡಾಕ್ಟರು ಒಬ್ಬ ರೋಗಿಗೂ ಇನ್ನೊಬ್ಬ ರೋಗಿಗೂ ನಡುವೆ ಕೈ ಬಿಡುವಾದಾಗ ಸಹಿ ಎಳೆಯುತ್ತಾರೆ. ರಕ್ತದೊತ್ತಡದ ಜಾಗದಲ್ಲಿ ನೂರಾ ಇಪ್ಪತ್ತು, ಎಂಬತ್ತು. ನಾಡಿಯ ಜಾಗದಲ್ಲಿ ಎಪ್ಪತ್ತೆರಡು. ಕಬಡ್ಡಿಯ ಗಡವ ಹುಡುಗನಿಗೂ ಎಪ್ಪತ್ತೆರಡು, ಕೊಕ್ಕೋ ಆಡುವ ಕಡ್ಡಿಯಂಥ ಹುಡುಗಿಗೂ ಎಪ್ಪತ್ತೆರಡು. ಜ್ವರದಲ್ಲಿ ಮಲಗಿದ್ದವನಿಗೂ ಅಷ್ಟೇ, ಈಗ ತಾನೇ ಓಡಿ ಬಂದವನಿಗೂ ಅಷ್ಟೇ.

(ಒಂದೇ ಗಿಡದ ಎರಡು ಎಲೆಗಳನ್ನು ಒಂದೇ ಅಚ್ಚಿನಲ್ಲಿ ಒತ್ತದ ದೇವರು, ಈ ಮಕ್ಕಳ ಎದೆಗಳನ್ನು ಮಾತ್ರ ಒಂದೇ ಅಚ್ಚಿನಲ್ಲಿ ಒತ್ತಿದನೇ? ಸೃಷ್ಟಿ ಮಾಡಿದವನಿಗೆ ಇಲ್ಲದ ಅವಸರ ಸಹಿ ಮಾಡುವವರಿಗೆ ಯಾಕೆ?)

ಈ ಸಲ ಮಾಸ್ತರರಿಗೆ ಬಸ್ಸು ಗೊತ್ತು ಮಾಡುವ ಓಡಾಟ. "ನಿಮ್ಮ ಫಾರ್ಮ್ ನೀವ ತುಂಬ್ರಿ," ಎಂದು ಮಕ್ಕಳ ಕೈಗೇ ಕೊಟ್ಟರು. "ಹೆಸರಾ, ಅಪ್ಪನ ಹೆಸರಾ, ಮಚ್ಚಿ ಎಲ್ಲೆಲ್ಲಿ ಅದಾವು ಬರೀರಿ. ನಾಡಿ ಅಂತ ಐತಲ್ಲ, ಅಲ್ಲಿ ಎಲ್ಲಾರೂ ಎಪ್ಪತ್ತೆರಡು ಹಾಕ್ರಿ."

ಎಲ್ಲರೂ ಹಾಕಿದರು. ಮೆಹರಾಜ ನಲವತ್ತಾರು ಎಂದು ಬರೆದಳು.

ಹಟಕ್ಕೆ ಬರೆದದ್ದಲ್ಲ. ಸೈಕಲ್ ಕಲಿಸುವ ಕೋಚು ಅವಳಿಗೆ ಬೆಳಿಗ್ಗೆ ಎದ್ದ ಕೂಡಲೇ ಹಾಸಿಗೆಯಲ್ಲೇ ನಾಡಿ ಎಣಿಸುವ ರೂಢಿ ಮಾಡಿಸಿದ್ದ. ಫಾರ್ಮಿನ ಆ ಜಾಗ ಅವಳಿಗೆ ಒಂದು ಪ್ರಶ್ನೆಯಂತೆ ಕಂಡಿತು. ಪ್ರಶ್ನೆಗೆ ಉತ್ತರ ಗೊತ್ತಿತ್ತು, ಬರೆದಳು. ಅವಳು ಮಾಡಿದ ತಪ್ಪು ಇಷ್ಟೇ.

೫

ಆಸ್ಪತ್ರೆ. ಮಧ್ಯಾಹ್ನ. ಈ ಸಲ ಮಾಸ್ತರು ಕಟ್ಟಿನ ಜೊತೆ ಮಕ್ಕಳನ್ನೂ ಕರೆತಂದಿದ್ದಾರೆ. ಪಾಲಕರ ಹೆಬ್ಬೆಟ್ಟಿಗೆಂದು ಮೆಹರಾಜಳ ಅಜ್ಜಿ ಹಜರಾಬಿಯೂ ಬಂದಿದ್ದಾಳೆ. ಡಾಕ್ಟರು ಒಬ್ಬ ಮುದುಕನಿಗೆ ಮಂಡಿನೋವಿನ ಗುಳಿಗೆ ಹೇಳುತ್ತಲೇ ಕಟ್ಟು ಮಗುಚುತ್ತಿದ್ದಾರೆ. ಸಹಿ, ಸಿಕ್ಕಾ. ಸಹಿ, ಸಿಕ್ಕಾ. ಪೆನ್ನು ನಿಂತಿತು.

"ಮೆಹರಾಜ ಯಾರವ್ವಾ?"

"ನಾನ್ರಿ."

"ನಲವತ್ತಾರು ಅಂತ ಬರದೀಯಲ್ಲ, ಯಾರ ಎಣಿಸ್ಯಾರ?"

"ನಾನ ಎಣಿಸೇನ್ರಿ. ಮುಂಜಾನೆದ್ದು."

ಡಾಕ್ಟರು ಅವಳ ಮಣಿಕಟ್ಟು ಹಿಡಿದು ಗೋಡೆಯ ಗಡಿಯಾರ ನೋಡಿದರು. ಆ ಇಡೀ ಕಟ್ಟಿನ ಮಕ್ಕಳಲ್ಲಿ ಡಾಕ್ಟರ ಬೆರಳು ತಾಗಿದ ಮೊದಲ ಕೈ ಅದು.

"ಈಗೂ ಐವತ್ತರ ಮ್ಯಾಲೆ ಹೋಗವಲ್ದು. ಇದು ಆಗೂದಿಲ್ಲ. ಅರವತ್ತರ ಕೆಳಗಿದ್ರ ನಾ ಹೆಂಗ ಫಿಟ್ ಅಂತ ಬರೀಲಿ? ವಿಜಯಪುರಕ್ಕ ಹೋಗಿ ಎದಿ ಸ್ಕ್ಯಾನ್ ಮಾಡಿಸ್ಕೊಂಡ ಬರ್ರಿ."

"ಸಾಹೇಬ್ರ," ಎಂದಳು ಹಜರಾಬಿ, "ಎದಿ ಸಾವಕಾಶ ನಡದ್ರ ಅದೇನ ಗುನ್ನೇನ್ರಿ? ನಮ್ಮ ಮನ್ಯಾಗ ಯಾರಿಗೂ ಗಡಿಬಿಡಿ ಇಲ್ರಿ. ಇಕಿ ಅಜ್ಜ ಬಸ್ಸ ಬಂದ ನಿಂತ್ರೂ ಚಹಾ ಮುಗಿಸೇ ಏಳಾಂವ."

ಸಾಲಿನಲ್ಲಿದ್ದವರು ನಕ್ಕರು. ಡಾಕ್ಟರಿಗೂ ನಗು ಬಂತು, ನುಂಗಿಕೊಂಡರು. "ಅಮ್ಮಾ, ನಾಳೆ ಹುಡುಗಿ ಸೈಕಲ್ ಮ್ಯಾಲಿಂದ ಬಿದ್ರ ನನ್ನ ಹಿಡೀತಾರ, ನಿಮ್ಮ ಯಜಮಾನರ ಚಹಾ ಯಾರೂ ಕೇಳಂಗಿಲ್ಲ."

ಸ್ಕ್ಯಾನಿಗೆ ಫೋನು ಮಾಡಿ ನೋಡಿದರು. ಸಿಕ್ಕ ದಿನ ಕೂಟ ಮುಗಿದ ಮೇಲಿನದು. ಮೆಹರಾಜಳ ಕಾಗದ ಪಕ್ಕಕ್ಕೆ ಬಿತ್ತು. ಉಳಿದದ್ದಕ್ಕೆಲ್ಲ ಸಹಿ, ಸಿಕ್ಕಾ.

ಅಂಕಿ ಇಲ್ಲದ ಪ್ಯಾರಾ, ಸಿಟ್ಟಿಗೆ ಮೀಸಲು

ಡಾಕ್ಟರ ಭಯ ಸುಳ್ಳಲ್ಲ, ಒಪ್ಪುತ್ತೇನೆ. ಎದೆಯ ಬಡಿತ ಕಡಿಮೆ ಎಂದಾಗ ಪರೀಕ್ಷೆ ಮಾಡಿಸಿ ಎನ್ನುವುದು ತಪ್ಪಲ್ಲ. ವರ್ಷಗಟ್ಟಲೆ ಸೈಕಲ್ ತುಳಿದವರ ಎದೆ ಒಂದೊಂದು ಬಡಿತಕ್ಕೂ ಹೆಚ್ಚು ರಕ್ತ ನೂಕುತ್ತದೆ, ಆದ್ದರಿಂದ ಸುಮ್ಮನೆ ಕೂತಾಗ ಕಡಿಮೆ ಬಡಿದರೂ ಸಾಕಾಗುತ್ತದೆ. ಇದು ಡಾಕ್ಟರಿಗೂ ಗೊತ್ತು, ಆದರೆ ಖಾತ್ರಿಯಿಲ್ಲದೆ ಬರೆಯಲಾರೆ ಎಂದರೆ ಅದೂ ಸರಿಯೇ. ನನ್ನ ಹೊಟ್ಟೆ ಉರಿಯುವುದು ಬೇರೆ ಕಡೆ. ಆ ಭಯ ನಿಜ ಬರೆದವಳ ಮೇಲೆ ಮಾತ್ರ ಯಾಕೆ ಬಂತು? ಉಳಿದ ಮಕ್ಕಳು ಬೀಳುವುದಿಲ್ಲವೇ? ಅವರ ಎದೆಗಳ ಬಗ್ಗೆ ಇದ್ದ ಅಷ್ಟು ನಿಶ್ಚಿಂತೆ ಎಲ್ಲಿಂದ ಬಂತು? ಯಾರನ್ನೂ ಮುಟ್ಟದೆ ಎಲ್ಲರನ್ನೂ ಗಟ್ಟಿ ಎಂದಿರಿ, ಒಬ್ಬಳನ್ನು ಮುಟ್ಟಿದಿರಿ, ಅವಳನ್ನೇ ಹೊರಗೆ ಹಾಕಿದಿರಿ. ಇದನ್ನು ತಪಾಸಣೆ ಎಂದು ಕರೆಯುವ ಧೈರ್ಯವಾದರೂ ಹೇಗೆ ಬರುತ್ತದೆ? ಹೂಂ ಅನ್ನಿ. ಯಾಕೆ ಸುಮ್ಮನಾದಿರಿ?

೬

ಆಸ್ಪತ್ರೆಯ ಅಂಗಳದ ಬೇವಿನ ಗಿಡದ ಕೆಳಗೆ ರಾವಸಾಬ ಮಾಸ್ತರು ಚೀಲದಿಂದ ಹೊಸ ಫಾರ್ಮ್ ತೆಗೆದರು.

"ತಗೋ. ಎಪ್ಪತ್ತೆರಡು ಬರಿ. ಸಂಜಿ ಮುಂದ ಇನ್ನೊಂದ ಸಾಲಿ ಹುಡುಗರ ಕಟ್ಟಿನ ನಡುವ ಸೇರಿಸಿ ಇಡ್ತೇನಿ. ಅವ್ರೇನ ಮಾರಿ ನೋಡ್ತಾರು?"

ಮೆಹರಾಜ ಪೆನ್ನು ಹಿಡಿದಳು. ಬರೆಯಲಿಲ್ಲ.

"ಏ, ಬರಿಯಲೇ. ಒಂದ ಅಂಕಿ ಐತದು."

"ಅಂಕಿ ಅಲ್ರಿ ಸರ. ನನ್ನ ಎದಿ ಐತ್ರಿ ಅದು."

"ಎದಿ ನಿನ್ನದ ಇಟ್ಕೋ ಮಾರಾಯ್ತಿ, ಅಂಕಿ ನನ್ನದ ಬರಿ! ಹಾಸ್ಟೆಲ್ ಬೇಕೋ ಬ್ಯಾಡೋ?"

"ಬೇಕ್ರಿ."

"ಮತ್ತ?"

ಅವಳು ಪೆನ್ನಿನ ಟೋಪಿ ಹಾಕಿ ಮಾಸ್ತರರ ಕಿಸೆಗೇ ಸಿಕ್ಕಿಸಿದಳು. ಮಾಸ್ತರು ತಲೆ ಮೇಲೆ ಕೈಹೊತ್ತು ಕಟ್ಟೆಗೆ ಕೂತರು.

೭

ಇಲ್ಲಿ ಕಥೆ ನಿಂತುಬಿಟ್ಟಿತು. ಆದ್ದರಿಂದ ನಾನೇ ಅಂಗಳಕ್ಕೆ ಇಳಿದೆ. (ಲೇಖಕರು ಹೀಗೆ ಇಳಿಯಬಾರದಂತೆ. ಕಟ್ಟೆಯ ಕಥೆಗಾರರು ಇಳಿಯುತ್ತಿದ್ದರು. ರಾಜಕುಮಾರ ದಾರಿ ತಪ್ಪಿದರೆ ಅವನನ್ನು ಬೈದು ಸರಿದಾರಿಗೆ ತಂದು ಮತ್ತೆ ಮುಂದುವರಿಸುತ್ತಿದ್ದರು.)

"ತಂಗಿ," ಎಂದೆ, "ಬರೆದುಬಿಡಬಾರದೇ? ನಿನ್ನ ಎದೆ ಗಟ್ಟಿಯಾಗಿದೆ ಎಂದು ನನಗೆ ಗೊತ್ತು. ಸುಳ್ಳು ಬರೆದರೂ ಯಾರಿಗೂ ಕೇಡಿಲ್ಲ."

"ನೀವ್ಯಾರ್ರಿ?"

"ಈ ಕಥೆ ಬರೆಯುವವನು."

"ಹಂಗಾರ ನೀವೂ ಕೂತಲ್ಲೆ ಬರ್ಯಾವ್ರ ಪೈಕಿ ಅನ್ರಿ."

ನನಗೆ ಚುಚ್ಚಿತು. ಆದರೂ ಬಿಡಲಿಲ್ಲ. "ನೀನು ಹೋಗದಿದ್ದರೆ ನನ್ನ ಕಥೆ ಇಲ್ಲೇ ಮುಗಿಯುತ್ತದೆ. ಓದುವವರಿಗೆ ಏನು ಹೇಳಲಿ?"

"ಸಾಕ್ಷಿದು ಹೇಳ್ರಿ."

"ಯಾವ ಸಾಕ್ಷಿ?"

"ಅಲ್ಲಿ ನಳದ ಹತ್ರ ನಿಂತಾಳಲ್ರಿ, ಅಕಿ. ನೀವ ಇನ್ನೂ ಅಕಿ ಹೆಸರ ತಗದೇ ಇಲ್ಲ."

ನಿಜ. ತೆಗೆದಿರಲಿಲ್ಲ. ನಳದ ಹತ್ತಿರ ಒಬ್ಬ ಹುಡುಗಿ ಮುಖ ತೊಳೆಯುತ್ತಿದ್ದಳು. ಮೆಹರಾಜಳದೇ ತರಗತಿ, ಎಂಟುನೂರು ಮೀಟರ್ ಓಟ, ಅವಳೂ ನಾಳಿನ ಬಸ್ಸಿಗೆ. ಅವಳ ಕಾಗದಕ್ಕೆ ಸಹಿ, ಸಿಕ್ಕಾ ಎರಡೂ ಬಿದ್ದಾಗಿತ್ತು.

"ಓಡಿ ನಿಂತ ಮ್ಯಾಲೆ ಅಕಿಗೆ ಕಣ್ಣಿಗೆ ಕತ್ತಲಿ ಬರ್ತೈತ್ರಿ," ಎಂದಳು ಮೆಹರಾಜ. "ಹ್ವಾದ ಸಲ ಬಿದ್ದಳು. ಮಾಸ್ತರಿಗೆ ಹೇಳಗೊಡಲಿಲ್ಲ. ನಾ ಅಕಿ ಕೈ ಹಿಡದ ಎಣಿಸೇನ್ರಿ. ನಡುನಡುವ ತಪ್ಪತೈತಿ. ಬಡೀತದ, ಬಡೀತದ, ಸುಮ್ಮ ಆಗ್ತದ, ಮತ್ತ ಗಬಗಬಾ ಓಡತದ. ಅಕಿ ಫಾರ್ಮಿನ್ಯಾಗೂ ಎಪ್ಪತ್ತೆರಡ ಐತ್ರಿ. ನಾನೂ ಅದನ್ನ ಬರದ್ರ ಅಕಿದು ಖರೆ ಅಂದಂಗ ಆಗ್ತದ."

ಸಾಕ್ಷಿ ಒದ್ದೆ ಮುಖದಲ್ಲೇ ಓಡಿ ಬಂದಳು. "ಏ ಮೆಹರೂ, ನನ್ನ ಸುದ್ದಿ ಯಾಕ ತಗೀತಿ? ನನಗೇನಾಗೇತಿ? ಅವತ್ತ ಉಂಡಿರಲಿಲ್ಲ, ಅದಕ್ಕ ತಲಿ ತಿರುಗಿತು."

"ಉಂಡಿರಲಿಲ್ಲ? ನನ್ನ ಡಬ್ಬಿ ಸೈತ ನೀನ ಖಾಲಿ ಮಾಡಿದ್ದಿ."

"ಅದ ಹೆಚ್ಚಾತು, ಅದಕ್ಕ ತಿರುಗಿತು!"

"ಸಾಕ್ಷಿ."

"ಬ್ಯಾಡಲೇ. ಕೈ ಮುಗೀತೇನಿ. ನನ್ನ ಕಾಗದ ಆಗೇತಿ. ನೀನೂ ಬರಿ, ಇಬ್ಬರೂ ಕೂಡಿ ಹೋಗೂಣು."

೮

ಮುಕ್ತಾಯಗಳು. ನನ್ನ ಹತ್ತಿರ ಕೆಲವು ತಯಾರಿದ್ದವು.

ಮೊದಲನೆಯದರಲ್ಲಿ ಮೆಹರಾಜ ಎಪ್ಪತ್ತೆರಡು ಬರೆಯುತ್ತಾಳೆ, ಕೂಟಕ್ಕೆ ಹೋಗುತ್ತಾಳೆ, ಗೆಲ್ಲುತ್ತಾಳೆ. ಊರಿಗೆ ಬಂದಾಗ ಹಲಗಿ ಬಾರಿಸುತ್ತಾರೆ, ಹಜರಾಬಿ ದೃಷ್ಟಿ ತೆಗೆಯುತ್ತಾಳೆ. ಚಂದ ಬಂದಿತ್ತು, ಮೆಹರಾಜ ಸಾಕ್ಷಿಯ ಮಾತು ಎತ್ತುವವರೆಗೆ. ಈಗ ಓದಿದರೆ ಅದೇ ಮೈದಾನದ ಇನ್ನೊಂದು ಬದಿಗೆ ಎಂಟುನೂರು ಮೀಟರ್ ಓಟದ ಸೀಟಿ ಊದಿದ್ದು ಕೇಳುತ್ತದೆ. ಎರಡನೆಯ ಸುತ್ತಿನ ತನಕ ಬರೆಯಲು ನನ್ನ ಕೈ ಬರಲಿಲ್ಲ. ಹರಿದೆ.

ಎರಡನೆಯದರಲ್ಲಿ ಡಾಕ್ಟರಿಗೆ ತಾನಾಗಿಯೇ ಅರಿವಾಗುತ್ತದೆ. ಎದ್ದು ಬಂದು, 'ಮಕ್ಕಳೇ, ಎಲ್ಲರೂ ಬನ್ನಿ, ಒಬ್ಬೊಬ್ಬರನ್ನೇ ನೋಡುತ್ತೇನೆ' ಎನ್ನುತ್ತಾರೆ. ದೇವರ ಮೇಲೆ ಭಾರ ಹಾಕಿದವರಿಗೆ ಇಂಥ ಮುಕ್ತಾಯ ಇಷ್ಟ, ನನಗೂ ಇಷ್ಟ. ಆದರೆ ಆ ಡಾಕ್ಟರೇ ನನ್ನನ್ನು ಗದರಿಸಿದರು: "ರೀ ಲೇಖಕರ, ಹೊರಗ ಸಾಲ ನೋಡೀರಿಲ್ಲೋ? ಒಬ್ಬಾಂವಗ ಹಾವ ಕಡದೈತಿ, ಒಬ್ಬಾಕಿಗೆ ಹೆರಿಗಿ ಬ್ಯಾನಿ. ನನಗ ಅರಿವಾಗಾಕ ಟೈಮ್ ಎಲ್ಲೈತ್ರಿ? ಇನ್ನೊಬ್ಬ ಡಾಕ್ಟರ್‌ನ ಬರದ ಕೊಡ್ರಿ ಮೊದಲ." ಅದನ್ನೂ ಹರಿದೆ. ಕಾಗದದ ಆಸ್ಪತ್ರೆಗೂ ನಾನು ಒಬ್ಬರನ್ನೇ ನೇಮಿಸಿದ್ದೆ. ಅದು ನನಗೆ ಸಹಜವೆಂದೇ ತೋರಿತ್ತು.

ಮೂರನೆಯದರಲ್ಲಿ ಬಸ್ಸು ಹೋಗುತ್ತದೆ, ಮೆಹರಾಜ ದಾರಿಯಲ್ಲಿ ನಿಂತು ಕೈ ಬೀಸುತ್ತಾಳೆ, ಓದುಗರ ಕಣ್ಣು ತುಂಬುತ್ತದೆ. ಕಣ್ಣು ತುಂಬಿದವರು ಅದನ್ನು ಒರೆಸಿಕೊಂಡು ಮುಂದಿನ ಕಥೆಗೆ ಹೋಗುತ್ತಾರೆ. ಅದಾಗಬಾರದು. ಹರಿದೆ.

ನಾಲ್ಕನೆಯದನ್ನು ನಾನು ಬರೆಯುವಷ್ಟರಲ್ಲಿ ಮೆಹರಾಜ ಗಿಡದ ಕೆಳಗೆ ಇರಲಿಲ್ಲ.

೯

ಅವಳು ಸಾಕ್ಷಿಯ ಮಣಿಕಟ್ಟು ಹಿಡಿದುಕೊಂಡು ಒಳಗೆ ನುಗ್ಗಿದ್ದಳು. ಸಾಕ್ಷಿ ಕೊಸರುತ್ತಿದ್ದಳು. ಸೈಕಲ್ ಹಿಡಿಕೆ ಹಿಡಿದ ಕೈ, ಬಿಡಲಿಲ್ಲ. "ಪಾಳಿ ಹಚ್ಚವ್ವಾ, ನಾವೇನ ಕುರಿ ಕಾಯಾಕ ನಿಂತೇವೇನು?" ಎಂದು ಸಾಲಿನಲ್ಲಿದ್ದವನೊಬ್ಬ ಅಡ್ಡ ಬಂದ. ಹಿಂದೆಯೇ ಬಂದ ಹಜರಾಬಿ, "ಸರಕೊಳ್ಳೋ ಅಪ್ಪಾ, ನಿನ್ನ ಕೆಮ್ಮು ಎಲ್ಲಿಗೂ ಹೋಗಂಗಿಲ್ಲ," ಎಂದು ಅವನನ್ನು ಬದಿಗೆ ಸರಿಸಿದಳು.

ಮೆಹರಾಜ ಮೇಜಿನ ಮುಂದೆ ನಿಂತಳು.

"ಮತ್ತ ಬಂದೇನವ್ವಾ? ಹೇಳೇನಲ್ಲ, ಸ್ಕ್ಯಾನ್ ಇಲ್ದ ನಿನ್ನ ಕಾಗದಕ್ಕ ಸಹಿ ಆಗೂದಿಲ್ಲ."

"ನನ್ನದು ಬ್ಯಾಡ್ರಿ. ಇಕಿ ಎದಿ ಕೇಳ್ರಿ."

"ಇಕಿದು ಸಹಿ ಆಗೇತಲ್ಲ?"

"ಸಹಿ ಆಗೇತ್ರಿ. ಕೇಳಿಲ್ರಿ."

ಬಾಗಿಲಲ್ಲಿ ರಾವಸಾಬ ಮಾಸ್ತರು. "ಸಾಹೇಬ್ರ, ಅಕಿ ಮಾತ ಕಿವ್ಯಾಗ ಹಾಕ್ಕೋಬ್ಯಾಡ್ರಿ, ತನ್ನದ ಆಗಲಿಲ್ಲಂತ..." ಎಂದವರು ಸಾಕ್ಷಿಯ ಮುಖ ನೋಡಿ ಅರ್ಧಕ್ಕೆ ನಿಲ್ಲಿಸಿದರು. ಹುಡುಗಿ ಅಳುತ್ತಿದ್ದಳು. ಮಾಸ್ತರರಿಗೆ ಮಕ್ಕಳ ಅಳುವಿನ ಬಗೆಗಳು ಗೊತ್ತು. ಸೋತ ಅಳು ಬೇರೆ, ನೋವಿನ ಅಳು ಬೇರೆ, ಸಿಕ್ಕಿಬಿದ್ದ ಅಳು ಬೇರೆ.

"ಹ್ವಾದ ಸಲ ಖರೇನ ಬಿದ್ದಿದ್ದೇನವ್ವಾ?" ಎಂದು, ಕಟ್ಟೆಯ ಮೇಲೆ ಕೂತಾಗ ಕಿವಿಗೆ ಬಿದ್ದ ಮಾತು ನೆನೆದು, ಅವರು ಮೆಲ್ಲಗೆ ಕೇಳಿದರು.

ಸಾಕ್ಷಿ ಹೌದೆಂದು ತಲೆಯಾಡಿಸಿದಳು. ಆಮೇಲೆ ಮೆಹರಾಜಳ ಕಡೆ ತಿರುಗಿ, "ನಿನ್ನ ಮಾರಿ ನೋಡಂಗಿಲ್ಲ ಇನ್ನ ನಾ," ಎಂದಳು.

"ನೋಡಬ್ಯಾಡ," ಎಂದಳು ಮೆಹರಾಜ. ಕೈ ಬಿಡಲಿಲ್ಲ.

ಡಾಕ್ಟರು ಸಹಿಯಾದ ಕಟ್ಟಿನ ದಾರ ಬಿಚ್ಚಿದರು. ಸಾಕ್ಷಿಯ ಕಾಗದ ಹುಡುಕಿ ಹೊರಗೆ ತೆಗೆದು, ತಮ್ಮದೇ ಸಹಿಯನ್ನು ಯಾರದೋ ಎಂಬಂತೆ ನೋಡಿದರು. ಹುಡುಗಿಯನ್ನು ಸ್ಟೂಲಿನ ಮೇಲೆ ಕೂರಿಸಿ, ಕೊರಳಿಗೆ ಜೋತುಬಿದ್ದಿದ್ದ ಸ್ಟೆಥಸ್ಕೋಪು ಕಿವಿಗೆ ಹಾಕಿಕೊಂಡರು.

ಬರೆಯಲಾರದ ಪ್ಯಾರಾ

ಏನು ಕೇಳಿಸಿತು ಎಂದು ಈಗ ನನ್ನನ್ನು ಕೇಳುತ್ತೀರಿ. ಬಡಿತ ತಪ್ಪುತ್ತಿತ್ತೇ? ಸಾಕ್ಷಿಯ ಕಾಗದ ಹರಿದರೇ? ಮೆಹರಾಜ ನಾಳಿನ ಬಸ್ಸು ಹತ್ತಿದಳೇ, ಸಾಕ್ಷಿ ಅವಳ ಕೂಡ ಮತ್ತೆ ಮಾತಾಡಿದಳೇ? ಕಥೆಗಾರನಾಗಿ ಏನಾದರೂ ಒಂದು ಬರೆದು ಸಹಿ ಹಾಕುವುದು ನನಗೆ ಕಷ್ಟವಲ್ಲ. ನೀವು ನಂಬುತ್ತೀರಿ ಕೂಡ. ಅದಕ್ಕೇ ಬರೆಯುವುದಿಲ್ಲ. ಆ ಎದೆಗೆ ನಾನು ಕಿವಿ ಇಟ್ಟಿಲ್ಲ. ಅದರ ಒಳಗೆ ಕೂತು ತಾಳ ಹಾಕುವವನನ್ನು ನಾನು ದಿನವೂ ನೆನೆಯುತ್ತೇನೆ, ಆದರೆ ಅವನು ಹಾಕುವ ತಾಳ ಇಂಥದೇ ಎಂದು ಅವನ ಪರವಾಗಿ ತುಂಬಿಕೊಡುವ ಅಧಿಕಾರ ನನಗಿಲ್ಲ. ಯಾರಿಗೂ ಇಲ್ಲ. ಕೇಳಿಯೇ ತಿಳಿಯಬೇಕು. ಕೇಳಲು ಹೊತ್ತು ಬೇಕು, ಅಷ್ಟು ಹೊತ್ತು ನೀವೂ ನಾನೂ ಕಾಯಬೇಕು.

ಸಾಲಿನಲ್ಲಿ ಗದ್ದಲ. ಯಾರದೋ ಮೊಬೈಲು. ಮೇಲೆ ಫ್ಯಾನು ಗರಗರ ಅನ್ನುತ್ತಿದೆ. ಡಾಕ್ಟರು ಎಡಗೈ ಎತ್ತಿ, "ಫ್ಯಾನ್ ಬಂದ್ ಮಾಡ್ರಿ. ಎಲ್ಲಾರೂ ಒಂದೀಟು ಸುಮ್ಕಾಗ್ರಿ," ಎಂದರು. ಮಾಸ್ತರು ಗುಂಡಿ ಒತ್ತಿದರು. ಫ್ಯಾನು ಮೆಲ್ಲಗಾಗುತ್ತ ಬಂದು ನಿಂತಿತು. ಹಜರಾಬಿ ಸಾಲಿನ ಕಡೆ ತಿರುಗಿ ತುಟಿಯ ಮೇಲೆ ಬೆರಳಿಟ್ಟಳು. ಕೆಮ್ಮುತ್ತಿದ್ದವನು ಕೂಡ ಬಾಯಿಗೆ ಟವೆಲ್ಲು ಒತ್ತಿಕೊಂಡ.

ನೀವೂ.